ಕರಿಹಲಗೆಗೆ ತೊಂಡೆಸೊಪ್ಪು

ಅಮ್ಮ ತೀರಿಕೊಂಡ ಮೇಲೆ, ತೊಂಡೆಸೊಪ್ಪು ಜಜ್ಜಿದ ವಾಸನೆ ಬಂದರೆ ನನ್ನ ಕೈಯಲ್ಲಿದ್ದ ಕೆಲಸ ನಿಂತುಬಿಡುತ್ತದೆ.

ಕೊಪ್ಪದ ಅಂಚಿನ ನಮ್ಮ ಸರ್ಕಾರಿ ಹೈಸ್ಕೂಲು ಊರವರೇ ಕಲ್ಲು, ಹೆಂಚು ಹೊತ್ತು ಕಟ್ಟಿದ್ದು. ಪ್ರತಿ ಜೂನ್‌ನಲ್ಲಿ ಮಾಸಿದ ಕರಿಹಲಗೆ ಮತ್ತೆ ಕಪ್ಪಾಗಲೆಂದು ಇದ್ದಿಲು, ತೊಂಡೆಸೊಪ್ಪು ಜಜ್ಜಿ ಉಜ್ಜುವುದು ಮಕ್ಕಳ ಕೆಲಸ. ನನ್ನ ಓದು ಬಿಡಿಸಲು ಅಮ್ಮ ಬಂದದ್ದು ಅಂಥ ಒಂದು ಮಧ್ಯಾಹ್ನ.

"ಓದಿದ್ದು ಸಾಕು ಮೇಡಂ, ಮನೇಲಿ ಕೆಲಸಕ್ಕೆ ಜನ ಇಲ್ಲ."

ಮೇಡಂ ವಾದಿಸಲಿಲ್ಲ. "ಆಯ್ತು, ಅವಳ ಪಾಲಿಂದು ಉಜ್ಜಿ ಬರ್ಲಿ."

ನಾನು ಉಜ್ಜುವುದನ್ನು ಅಮ್ಮ ಸ್ವಲ್ಪ ಹೊತ್ತು ನೋಡಿದಳು. "ಎಂತ ಮಾರಾಯ್ತಿ, ಬೆಕ್ಕಿನ ಮೈ ಸವರಿದ ಹಾಗೆ ಉಜ್ತೀಯಲ್ಲ!" ಎಂದು ಸೆರಗು ಸಿಕ್ಕಿಸಿ ಸೊಪ್ಪು ಕಸಿದುಕೊಂಡಳು. ಹುಡುಗಿಯರೆಲ್ಲ ನಕ್ಕರು. ಅಮ್ಮ ಇಡೀ ಹಲಗೆ ಉಜ್ಜಿದಳು. ಆಮೇಲೆ ಹಿಂದೆ ಸರಿದು, ಆ ಒದ್ದೆ ಕಪ್ಪನ್ನೇ ನೋಡುತ್ತ ನಿಂತಳು.

"ಇದು ಒಣಗೋದು ಯಾವಾಗ ಮೇಡಂ?"

"ನಾಳೆ ಬೆಳಿಗ್ಗೆಗೆ."

"ಹಾಗಾದ್ರೆ ನಾಳೆ ಮೊದ್ಲು ಇವಳ ಕೈಲೇ ಬರೆಸಿ."