ಎದೆಯೊಳಗಿನ ಹೊಸ ಧಾತು

ಆ ಊರಿನಲ್ಲಿ ದುರ್ಬಲ ಹೃದಯಗಳೆಲ್ಲ ಪ್ರಯೋಗಾಲಯದಲ್ಲಿ ಸೃಷ್ಟಿಸಿದ ವಿಕಿರಣಶೀಲ ಧಾತುಗಳ ಬಲದಿಂದಲೇ ಬಡಿಯುತ್ತಿದ್ದವು. ಪಾರ್ಶ್ವನಾಥರ ಎದೆಯಲ್ಲೂ ಸಾಸಿವೆ ಗಾತ್ರದ ಚೂರೊಂದಿತ್ತು; ಅದು ಈಚೆಗೆ ಕಂಡುಹಿಡಿದ ಹೊಸ ಧಾತು. ಬೆಳಿಗ್ಗೆ ಅವರ ಹೆಂಡತಿ ಮಂದಾಕಿನಿ ದೋಸೆ ಹುಯ್ಯುತ್ತಿದ್ದಾಗ ಪ್ರಯೋಗಾಲಯದಿಂದ ಫೋನ್ ಬಂತು.

"ಅಮ್ಮಾ, ಆ ಧಾತು ನಾವು ಅಂದ್ಕೊಂಡಿದ್ದಕ್ಕಿಂತ ಬೇಗ ಕರಗಿಹೋಗ್ತಿದೆ. ಗಾಡಿ ಕಳಿಸಿದೀವಿ, ಹೊಸದು ಹಾಕ್ತೀವಿ. ಅಲ್ಲೀವರೆಗೂ ಅವರು ಕೂತಲ್ಲೇ ಕೂತಿರಲಿ, ಗಾಬರಿ ಪಡಿಸ್ಬೇಡಿ."

"ಅಯ್ಯೋ, ಅವ್ರು ಹಾಲು ತರೋಕೆ ಹೋಗಿದಾರಲ್ಲಪ್ಪಾ!"

ಮಂದಾಕಿನಿ ಮೂರನೇ ಮಹಡಿಯ ಬಾಲ್ಕನಿಗೆ ಓಡಿ ಬಗ್ಗಿ ನೋಡಿದಳು. ಅವರು ಗೇಟಿನ ಬಳಿ ನಿಧಾನವಾಗಿ ಬರುತ್ತಿದ್ದರು. ಅಲ್ಲೇ ಕೂತುಕೊಳ್ಳಿ ಎನ್ನಲು ಬಾಯಿ ತೆರೆದರೆ, "ರೀ!" ಎಂಬ ಚೀತ್ಕಾರವಷ್ಟೇ ಹೊರಬಂತು.

ಹೆಂಡತಿಗೆ ಏನೋ ಆಯಿತೆಂದು ಪಾರ್ಶ್ವನಾಥರು ಹಾಲಿನ ಪ್ಯಾಕೆಟ್ಟು ಬಿಸಾಡಿ, ಎರಡೆರಡು ಮೆಟ್ಟಿಲು ಹಾರುತ್ತಾ ಓಡಿ ಬರತೊಡಗಿದರು.