ಸಂತನ ಕಿರುಬೆರಳು

ಮರುಭೂಮಿಯ ಗುಹೆಯಲ್ಲಿ ಹತ್ತು ವರ್ಷ ಮನುಷ್ಯರ ಮುಖ ನೋಡದೆ ಪ್ರಾರ್ಥನೆಗೆ ಕೂತಿದ್ದ ಮುದುಕ, ಎಂಟು ದಿನವಾದರೂ ಬಿಡದ ಜ್ವರಕ್ಕೆ ಸೋತು ಮದ್ದು ಹುಡುಕಿಕೊಂಡು ಊರಿಗಿಳಿದ. ಊರಿಗೆ ಊರೇ ಬೀದಿಯಲ್ಲಿ ಕುಣಿಯುತ್ತಿತ್ತು.

"ಯಾರ ಹಬ್ಬ ತಾಯಿ?" ಎಂದು ಕುಣಿಯುತ್ತಿದ್ದ ಹೆಂಗಸೊಬ್ಬಳನ್ನು ಕೇಳಿದ.

"ಅಯ್ಯೋ, ಅಷ್ಟೂ ಗೊತ್ತಿಲ್ವಾ ಅಜ್ಜ? ನಮ್ಮ ಗುಹೆಯ ಸಂತ ಮಲ್ಕಾನರದು! ಅವರನ್ನ ಸಿಂಹ ತಿಂದು ಹತ್ತು ವರ್ಷವಾಯ್ತು. ಉಳಿದದ್ದು ಆ ಪೆಟ್ಟಿಗೆಯಲ್ಲಿರೋ ಕಿರುಬೆರಳೊಂದೇ. ಮುಟ್ಟಿದರೆ ಎಂಥ ಜ್ವರವೂ ಓಡಿಹೋಗುತ್ತೆ!"

ಮುದುಕ ಗಾಬರಿಯಾಗಿ ತನ್ನ ಕೈಬೆರಳು ಎಣಿಸಿಕೊಂಡ. ಹತ್ತೂ ಇದ್ದವು.

"ತಾಯಿ, ಆ ಮಲ್ಕಾನ ನಾನೇ..." ಎನ್ನುವಷ್ಟರಲ್ಲಿ ಆಕೆ ಅವನ ಕೈ ಹಿಡಿದೆಳೆದು ಪೆಟ್ಟಿಗೆಗೆ ಮುಟ್ಟಿಸಿಯೇಬಿಟ್ಟಳು.

ಮೈಯೆಲ್ಲ ಬೆವರಿತು, ಜ್ವರ ಬಿಟ್ಟಿತು.

"ಸಂತ ಮಲ್ಕಾನರಿಗೆ ಜಯವಾಗಲಿ!" ಎಂದು ಮುದುಕ ಎಲ್ಲರಿಗಿಂತ ಜೋರಾಗಿ ಕೂಗಿದ.