ಮಿಲೆನಾಳ ಬ್ರೆಡ್ಡು

ತಮ್ಮವರಿರುವ ಊರಿನ ಮೇಲೆ ಯಾವ ದೇಶವೂ ಬಾಂಬು ಹಾಕುವುದಿಲ್ಲವೆಂದು, ಈಗ ಪ್ರತಿ ಓಣಿಯಿಂದ ಒಬ್ಬರನ್ನು ಶತ್ರು ದೇಶಕ್ಕೆ ವಾಸಕ್ಕೆ ಕಳಿಸುತ್ತಾರೆ. ಆರು ವರ್ಷದ ಹಿಂದೆ ಗೋಕಾಕದಿಂದ ಕಸ್ತೂರೆವ್ವನ ಗಂಡ ಬಾಳಪ್ಪ ಹೋದ. ಅವನ ಬದಲಿಗೆ ಆ ದೇಶದಿಂದ ಮಿಲೆನಾ ಇವಳ ಮನೆಗೆ ಬಂದಳು. ಅವನಿರುವುದು ಮಿಲೆನಾಳ ತಾಯಿಯ ಮನೆಯಲ್ಲಿ. ಪತ್ರ, ಫೋನಿಗೆ ಅವಕಾಶವಿಲ್ಲ.

ಕಸ್ತೂರೆವ್ವ ದಿನವೂ ಮಿಲೆನಾಳಿಗೆಂದು ಅವಳೂರಿನ ಹುಳಿ ಬ್ರೆಡ್ಡು ಸುಡುತ್ತಾಳೆ. ಅಲ್ಲಿ ಆ ತಾಯಿಯೂ ಬಾಳಪ್ಪನಿಗೆ ಜೋಳದ ರೊಟ್ಟಿ ಬಡಿಯುತ್ತಿರಬಹುದೆಂಬ ಆಸೆ.

ಇವತ್ತು ಮಿಲೆನಾ ಒಲೆಯ ಮುಂದೆ ಬಂದು ಕೂತಳು.

"ಅಕ್ಕಾ, ಬ್ರೆಡ್ ಬ್ಯಾಡ. ನನಗೂ ರೊಟ್ಟಿನ ಹಾಕು."

"ಯಾಕ, ನಿಮ್ಮವ್ವ ಮಾಡಿದಂಗ ಆಗವಲ್ದೇನ?"

"ಅವ್ವ ಮಾಡಿದ ಬ್ರೆಡ್ಡಿನ ರುಚಿನ ಮರತ ಹೋಗೈತಿ."

ಕಸ್ತೂರೆವ್ವ ರೊಟ್ಟಿ ಬಡಿದುಕೊಟ್ಟಳು. ಮಿಲೆನಾ ಬೆಣ್ಣೆ ಹಚ್ಚಿಕೊಂಡು ಎರಡು ತಿಂದಳು. ಮೂರನೆಯದನ್ನು ಹಂಚಿಗೆ ಹಾಕಿ, ತಲೆಯೆತ್ತದೆ ಕಸ್ತೂರೆವ್ವ ಕೇಳಿದಳು:

"ಮರಿಯಾಕ ಎಷ್ಟ ವರ್ಷ ಹಿಡೀತ ನಿನಗ?"